ನಿಮ್ಹಾನ್ಸ್: ಪೇಟೆಯ ಹುಚ್ಚಾಸ್ಪತ್ರೆಯಿಂದ ರಾಷ್ಟ್ರೀಯ ಸಂಸ್ಥೆಯವರೆಗೆ

ಬೆಂಗಳೂರಿನ ಹೊಸೂರು ರಸ್ತೆಯಲ್ಲಿರುವ ರಾಷ್ಟ್ರೀಯ ಮಾನಸಿಕ ಆರೋಗ್ಯ ಮತ್ತು ನರವಿಜ್ಞಾನ ಸಂಸ್ಥೆಯನ್ನು ಜನ ನಿಮ್ಹಾನ್ಸ್ ಎಂದೇ ಕರೆಯುತ್ತಾರೆ. ಈ ಹೆಸರಿನ ಸಂಸ್ಥೆಗೆ ಐವತ್ತು ವರ್ಷವಾಗಿದೆ. ಅದರ ಬೇರಿರುವ ಆಸ್ಪತ್ರೆಗೆ ನೂರೆಪ್ಪತ್ತೈದು ದಾಟಿದೆ. 1847ರಲ್ಲಿ ಪೇಟೆಯ ಬಳಿ ಶುರುವಾದ ಹುಚ್ಚಾಸ್ಪತ್ರೆ, 1925ರಲ್ಲಿ ಮಾನಸಿಕ ಆಸ್ಪತ್ರೆಯಾಗಿ, 1954ರಲ್ಲಿ ಅಖಿಲ ಭಾರತ ಮಟ್ಟದ ಬೋಧನಾ ಸಂಸ್ಥೆಯನ್ನು ಪಕ್ಕದಲ್ಲಿ ಪಡೆದು, 1974ರಲ್ಲಿ ಅದರೊಡನೆ ಒಂದಾಯಿತು. ಮನೋರೋಗಿಯನ್ನು ಮನೆಯಿಂದ ದೂರವಿಡುವುದು ಇದರ ಮೊದಲ ಕೆಲಸವಾಗಿತ್ತು. ಚಿಕಿತ್ಸೆಯನ್ನು ರೋಗಿಯ ಮನೆಯ ಹತ್ತಿರಕ್ಕೆ ಒಯ್ಯುವುದು ಇಂದಿನ ಮುಖ್ಯ ಕೆಲಸಗಳಲ್ಲಿ ಒಂದು. ಈ ಎರಡರ ನಡುವಿನ ದಾರಿ ಬಹುಮಟ್ಟಿಗೆ ಭಾರತದ ಸರ್ಕಾರಿ ಮನೋವೈದ್ಯಕೀಯದ್ದೇ ಚರಿತ್ರೆ.

ಪೇಟೆಯ ಆಸ್ಪತ್ರೆ

ಆಸ್ಪತ್ರೆ ಬರುವ ಮೊದಲು ಮನಸ್ಸು ಕೆಟ್ಟವರನ್ನು ನೋಡಿಕೊಳ್ಳುವ ಹೊಣೆ ಮನೆಯವರದು. ನಾಟಿ ವೈದ್ಯರು ಔಷಧಿ ಕೊಡುತ್ತಿದ್ದರು. ಆಯುರ್ವೇದದಲ್ಲಿ ಉನ್ಮಾದವನ್ನು ಪ್ರತ್ಯೇಕ ರೋಗವೆಂದು ಗುರುತಿಸಿ ಚಿಕಿತ್ಸೆ ಹೇಳಲಾಗಿದೆ. ಸರ್ಪಗಂಧಿಯ ಬೇರಿನ ಬಳಕೆ ಹಳೆಯದು. ಗಾಳಿ ಸೋಕಿದೆ, ಮೈಮೇಲೆ ಬಂದಿದೆ ಎನಿಸಿದರೆ ಗಾಣಗಾಪುರದಂಥ ಕ್ಷೇತ್ರಕ್ಕೋ ಊರ ಹತ್ತಿರದ ದರ್ಗಾಕ್ಕೋ ಕರೆದೊಯ್ಯುತ್ತಿದ್ದರು. ತೀರಾ ಕೈಮೀರಿದವರನ್ನು ಮನೆಯಲ್ಲೇ ಕಟ್ಟಿಹಾಕುವುದೂ ಇತ್ತು.

ಕಂಪನಿ ಆಡಳಿತದ ಊರುಗಳಲ್ಲಿ ಇದಕ್ಕಾಗಿ ಬೇರೆ ಕಟ್ಟಡಗಳು ಎದ್ದದ್ದು 18ನೇ ಶತಮಾನದಲ್ಲಿ. ಮದರಾಸಿನಲ್ಲಿ 1794ರಲ್ಲಿ ವ್ಯಾಲೆಂಟೈನ್ ಕೊನೊಲಿ ಎಂಬ ವೈದ್ಯ ಖಾಸಗಿಯಾಗಿ ಇಂಥ ಒಂದು ಮನೆ ನಡೆಸುತ್ತಿದ್ದ. ಮೈಸೂರು ಸೀಮೆ 1831ರಿಂದ 1881ರವರೆಗೆ ಬ್ರಿಟಿಷ್ ಕಮಿಷನರುಗಳ ಕೈಯಲ್ಲಿತ್ತು. ಮಾರ್ಕ್ ಕಬ್ಬನ್ ಕಮಿಷನರ್ ಆಗಿದ್ದ ಕಾಲದಲ್ಲಿ, 1847ರಲ್ಲಿ, ಕಮಿಷನ್ನಿನ ಸರ್ಜನ್ ಚಾರ್ಲ್ಸ್ ಇರ್ವಿಂಗ್ ಸ್ಮಿತ್ ಅವರ ಮೇಲ್ವಿಚಾರಣೆಯಲ್ಲಿ ಬೆಂಗಳೂರಿನ ಹುಚ್ಚಾಸ್ಪತ್ರೆ ಶುರುವಾಯಿತು. ಮುಂಬಯಿ ಪ್ರಾಂತ್ಯಕ್ಕೆ ಸೇರಿದ್ದ ಧಾರವಾಡದಲ್ಲೂ 19ನೇ ಶತಮಾನದಲ್ಲೇ ಇಂಥ ಆಸ್ಪತ್ರೆ ಇತ್ತು. ಕನ್ನಡ ನಾಡಿನ ಎರಡು ದೊಡ್ಡ ಮನೋರೋಗ ಆಸ್ಪತ್ರೆಗಳ ಮೂಲ ಹೀಗೆ ಎರಡು ಬೇರೆ ಆಡಳಿತಗಳಲ್ಲಿದೆ.

ಆ ಕಾಲದ ಇಂಥ ಆಸ್ಪತ್ರೆಗಳಿಗೆ ಬಹಳ ಜನ ತಾವಾಗಿ ಬಂದವರಲ್ಲ. ಬೀದಿಯಲ್ಲಿ ಅಲೆಯುತ್ತಿದ್ದವರನ್ನು ಪೊಲೀಸರು ತರುತ್ತಿದ್ದರು, ಅಪರಾಧ ಮಾಡಿ ಬುದ್ಧಿ ಸ್ಥಿಮಿತವಿಲ್ಲವೆಂದು ಕಂಡವರನ್ನು ಜೈಲಿನಿಂದ ಕಳಿಸುತ್ತಿದ್ದರು. ಬ್ರಿಟಿಷ್ ಭಾರತಕ್ಕಾಗಿ 1858ರಲ್ಲಿ ಬಂದ ಕಾಯ್ದೆ, ಮ್ಯಾಜಿಸ್ಟ್ರೇಟರ ಆದೇಶದ ಮೇಲೆ ದಾಖಲು ಮಾಡಿಕೊಳ್ಳುವ ಪದ್ಧತಿಯನ್ನು ಬರಹಕ್ಕಿಳಿಸಿತು. ಆಸ್ಪತ್ರೆಯನ್ನು ತಪಾಸಣೆ ಮಾಡುವ ಸಂದರ್ಶಕರಲ್ಲಿ ಜೈಲುಗಳ ಇನ್‌ಸ್ಪೆಕ್ಟರನ್ನೂ ಸೇರಿಸಿತ್ತು. ಈ ಸಂಸ್ಥೆಗಳನ್ನು ಆಡಳಿತ ಯಾವ ಸಾಲಿನಲ್ಲಿ ಇಟ್ಟಿತ್ತೆಂಬುದಕ್ಕೆ ಈ ಒಂದು ಅಂಶ ಸಾಕು. ಔಷಧಿಯೆಂದರೆ ನಿದ್ದೆ ಬರಿಸುವ ಬ್ರೋಮೈಡಿನಂಥವು. ಹೊಟ್ಟೆತುಂಬ ಊಟ, ಶುಚಿ, ತೋಟದ ಕೆಲಸ, ನೇಯ್ಗೆ, ಬೀಸುವುದು, ಕುಟ್ಟುವುದು ಇವೇ ಚಿಕಿತ್ಸೆಯ ಬಹುಪಾಲು.

ರೋಗಕ್ಕೆ ಕಾರಣವೆಂದು ದಾಖಲೆಗಳಲ್ಲಿ ಏನಾದರೊಂದನ್ನು ಬರೆಯಬೇಕಿತ್ತು. ದೇಶದ ಹುಚ್ಚಾಸ್ಪತ್ರೆಗಳ ವಾರ್ಷಿಕ ವರದಿಗಳಲ್ಲಿ ಈ ಜಾಗಕ್ಕೆ ಪದೇಪದೇ ಬರುತ್ತಿದ್ದುದು ಗಾಂಜಾ. 1893–94ರಲ್ಲಿ ಸರ್ಕಾರ ನೇಮಿಸಿದ ಗಾಂಜಾ-ಭಂಗಿ ಆಯೋಗ ಈ ಅಂಕಿಗಳ ಬೆನ್ನು ಹತ್ತಿ ನೋಡಿದಾಗ, ಕಾರಣದ ಅಂಕಣವನ್ನು ಎಷ್ಟೋ ಕಡೆ ವೈದ್ಯರು ತುಂಬಿಯೇ ಇರಲಿಲ್ಲ. ರೋಗಿಯನ್ನು ತಂದ ಪೊಲೀಸರು ಹೇಳಿದ್ದನ್ನೇ ಬರೆದುಕೊಳ್ಳಲಾಗಿತ್ತು. ಆಸ್ಪತ್ರೆಯ ಅಂಕಿಗಳನ್ನು ನೆಚ್ಚುವಂತಿಲ್ಲ ಎಂದು ಆಯೋಗ ತೀರ್ಮಾನಿಸಿತು. ರೋಗಿಯ ಮನೆ, ಊರು, ಹಿಂದಿನ ಬದುಕು ಯಾವುದೂ ಗೊತ್ತಿಲ್ಲದೆ ರೋಗವನ್ನು ತಿಳಿಯುವುದು ಹೇಗೆಂಬ ಪ್ರಶ್ನೆಗೆ ಉತ್ತರ ಸಿಗಲು ಇನ್ನೂ ಅರ್ಧ ಶತಮಾನ ಬೇಕಾಯಿತು.

ಹೊಸ ಜಾಗ, ಹೊಸ ವೈದ್ಯರು

1912ರ ಭಾರತೀಯ ಲೂನಸಿ ಕಾಯ್ದೆ ಬಹುಮಟ್ಟಿಗೆ ಹಳೆಯ ಜಾಡಿನಲ್ಲೇ ಸಾಗಿತಾದರೂ, ರೋಗಿ ತಾನಾಗಿ ಬಂದು ದಾಖಲಾಗಲು ಸಣ್ಣದೊಂದು ದಾರಿ ತೆರೆಯಿತು. ಮೊದಲ ಮಹಾಯುದ್ಧದ ನಂತರ ದೇಶದ ಹಲವೆಡೆ ಈ ಆಸ್ಪತ್ರೆಗಳನ್ನು ವೈದ್ಯಕೀಯ ಸಂಸ್ಥೆಗಳನ್ನಾಗಿ ರೂಪಿಸುವ ಪ್ರಯತ್ನ ನಡೆಯಿತು. ಮೈಸೂರು ಸರ್ಕಾರ 1925ರಲ್ಲಿ ಬೆಂಗಳೂರಿನ ಆಸ್ಪತ್ರೆಗೆ ಮಾನಸಿಕ ಆಸ್ಪತ್ರೆ ಎಂದು ಹೆಸರಿಟ್ಟಿತು. ವೈದ್ಯ ವಿದ್ಯಾರ್ಥಿಗಳಿಗೆ ಇಲ್ಲಿ ಪಾಠ ಶುರುವಾಯಿತು. ಮುಂದೆ ಮನೋವೈದ್ಯಕೀಯದಲ್ಲಿ ಸ್ನಾತಕೋತ್ತರ ತರಬೇತಿ ಕೊಟ್ಟ ದೇಶದ ಮೊದಲ ಸಂಸ್ಥೆಗಳಲ್ಲಿ ಇದೂ ಒಂದಾಯಿತು.

ಸೂಪರಿಂಟೆಂಡೆಂಟ್ ಆಗಿದ್ದ ಡಾ. ಫ್ರಾಂಕ್ ನರೋನ್ಹ ಅವರ ಕಾಲದಲ್ಲಿ ಆಸ್ಪತ್ರೆಗೆ ವಿಶಾಲವಾದ ಹೊಸ ಜಾಗ ಬೇಕೆಂಬ ಮಾತು ಬಲವಾಯಿತು. ದಿವಾನ್ ಮಿರ್ಜಾ ಇಸ್ಮಾಯಿಲ್ ಆಸಕ್ತಿ ವಹಿಸಿದರು. 1930ರ ದಶಕದ ಉತ್ತರಾರ್ಧದಲ್ಲಿ ಆಸ್ಪತ್ರೆ ಪೇಟೆಯ ಇಕ್ಕಟ್ಟು ಬಿಟ್ಟು, ಲಾಲ್‌ಬಾಗಿನ ಆಚೆ, ಆಗ ಊರ ಹೊರಗಿದ್ದ ಎತ್ತರದ ಬಯಲಿಗೆ ಬಂತು. ಗಾಳಿ ಬೆಳಕು ಧಾರಾಳವಾಗಿರುವ, ಒಂದಕ್ಕೊಂದು ದೂರವಿರುವ, ಸುತ್ತ ಮರಗಿಡಗಳಿರುವ ವಾರ್ಡುಗಳು ಕಟ್ಟಲ್ಪಟ್ಟವು. ಈಗ ಡೈರಿ ಸರ್ಕಲ್ಲಿನ ಗದ್ದಲ ಅದರ ಗೇಟಿನವರೆಗೂ ಬಂದಿದೆ. ಒಳಗೆ ಮಾತ್ರ ಆ ಮರಗಳು ಇನ್ನೂ ಇವೆ.

ನರೋನ್ಹ ಅವರ ಅನಂತರ ಬಂದ ಡಾ. ಎಂ.ವಿ. ಗೋವಿಂದಸ್ವಾಮಿ (1904–1961) ಈ ಆಸ್ಪತ್ರೆಯ ಚರಿತ್ರೆಯಲ್ಲಿ ಬಹು ದೊಡ್ಡ ಹೆಸರು. ಲಂಡನ್ನಿನ ಮಾಡ್ಸ್‌ಲಿ ಆಸ್ಪತ್ರೆಯಲ್ಲೂ ಅಮೆರಿಕದ ಜಾನ್ಸ್ ಹಾಪ್‌ಕಿನ್ಸ್‌ನಲ್ಲಿ ಅಡಾಲ್ಫ್ ಮೇಯರ್ ಬಳಿಯೂ ಕಲಿತು ಬಂದವರು ಅವರು. ರೋಗಿಯ ಇಡೀ ಜೀವನವೃತ್ತಾಂತವನ್ನು ಕೇಳಿ ಬರೆದುಕೊಂಡ ಮೇಲೆಯೇ ರೋಗವನ್ನು ಅರ್ಥಮಾಡಿಕೊಳ್ಳಬೇಕೆಂಬುದು ಮೇಯರರ ಪಾಠ. ಬೆಂಗಳೂರಿನ ವಾರ್ಡುಗಳಲ್ಲಿ ವಿವರವಾದ ಕೇಸ್ ಹಾಳೆ ಬರೆಯುವ ರೂಢಿಯಲ್ಲಿ ಆ ಪ್ರಭಾವ ಉಳಿಯಿತು.

ಅದೇ ಹೊತ್ತಿಗೆ ಯುರೋಪಿನಲ್ಲಿ ಹೊಸ ಚಿಕಿತ್ಸೆಗಳ ಅಲೆ ಎದ್ದಿತ್ತು. ಇನ್ಸುಲಿನ್ ಕೊಟ್ಟು ಪ್ರಜ್ಞೆ ತಪ್ಪಿಸುವುದು, ಕಾರ್ಡಿಯಾಜೋಲ್ ಚುಚ್ಚಿ ಫಿಟ್ಸ್ ಬರಿಸುವುದು, 1938ರಲ್ಲಿ ರೋಮಿನಲ್ಲಿ ಮೊದಲು ಪ್ರಯೋಗವಾದ ವಿದ್ಯುತ್ ಕಂಪನ ಚಿಕಿತ್ಸೆ, ಇವೆಲ್ಲ ಕೆಲವೇ ವರ್ಷಗಳಲ್ಲಿ ಭಾರತಕ್ಕೂ ಬಂದವು. ಮಿದುಳಿನ ಮುಂಭಾಗದ ನರತಂತುಗಳನ್ನು ಕತ್ತರಿಸುವ ಲ್ಯೂಕಾಟಮಿಯನ್ನು ಗೋವಿಂದಸ್ವಾಮಿ ಮತ್ತು ಶಸ್ತ್ರವೈದ್ಯ ಬಾಲಕೃಷ್ಣ ರಾವ್ ಬೆಂಗಳೂರಿನಲ್ಲಿ ಮಾಡಿ, ಅದರ ಅನುಭವವನ್ನು 1944ರಲ್ಲಿ ಲ್ಯಾನ್ಸೆಟ್ ಪತ್ರಿಕೆಯಲ್ಲಿ ಬರೆದರು. ಆ ಕಾಲಕ್ಕೆ ಅದು ವಿಜ್ಞಾನದ ಮುಂಚೂಣಿ. ರೋಗಿಯ ವ್ಯಕ್ತಿತ್ವವನ್ನೇ ಮಂಕಾಗಿಸುತ್ತದೆಂದು ಕಂಡ ಮೇಲೆ ಜಗತ್ತಿನ ಎಲ್ಲೆಡೆ ಅದು ಕೈಬಿಟ್ಟುಹೋಯಿತು. ಇನ್ಸುಲಿನ್ ಮತ್ತು ಕಾರ್ಡಿಯಾಜೋಲ್ ಕೂಡ ಹೋದವು. ವಿದ್ಯುತ್ ಚಿಕಿತ್ಸೆ ಮಾತ್ರ ಅರಿವಳಿಕೆಯ ನೆರವಿನಿಂದ ಸುಧಾರಿಸಿಕೊಂಡು ಉಳಿಯಿತು.

ಕಲಿಸುವ ಆಸ್ಪತ್ರೆ

ದೇಶದ ಆರೋಗ್ಯ ವ್ಯವಸ್ಥೆಯನ್ನು ಪರಿಶೀಲಿಸಿದ ಭೋರ್ ಸಮಿತಿ 1946ರಲ್ಲಿ ತನ್ನ ವರದಿ ಕೊಟ್ಟಾಗ ಅಖಂಡ ಭಾರತದ ಸುಮಾರು 40 ಕೋಟಿ ಜನರಿಗೆ ಮಾನಸಿಕ ಆಸ್ಪತ್ರೆಗಳಲ್ಲಿ ಇದ್ದದ್ದು 10 ಸಾವಿರದಷ್ಟು ಹಾಸಿಗೆ. ಸಮಿತಿಗಾಗಿ ಆಸ್ಪತ್ರೆಗಳನ್ನು ಸುತ್ತಿದ ರಾಂಚಿಯ ಕರ್ನಲ್ ಮೂರ್ ಟೇಲರ್, ಬಹುಪಾಲು ಕಡೆ ರೋಗಿಯನ್ನು ಕೂಡಿಹಾಕುವುದೇ ನಡೆದಿದೆ, ಚಿಕಿತ್ಸೆಯಲ್ಲ ಎಂದು ಹೇಳಿದರು. ಹಾಸಿಗೆಗಿಂತ ದೊಡ್ಡ ಕೊರತೆ ತರಬೇತಾದ ಕೈಗಳದ್ದು. ಅದನ್ನು ನೀಗಲು ಕೇಂದ್ರ ಸರ್ಕಾರ 1954ರಲ್ಲಿ ಬೆಂಗಳೂರಿನ ಆಸ್ಪತ್ರೆಯ ಆವರಣದಲ್ಲೇ ಅಖಿಲ ಭಾರತ ಮಾನಸಿಕ ಆರೋಗ್ಯ ಸಂಸ್ಥೆಯನ್ನು ತೆರೆಯಿತು. ಗೋವಿಂದಸ್ವಾಮಿಯವರೇ ಅದರ ಮೊದಲ ನಿರ್ದೇಶಕರು.

1955ರಲ್ಲಿ ವೈದ್ಯರಿಗೂ ಮನಃಶಾಸ್ತ್ರಜ್ಞರಿಗೂ ಡಿಪ್ಲೊಮಾ ತರಗತಿಗಳು ಶುರುವಾದವು. ಮರುವರ್ಷ ಮನೋರೋಗ ಶುಶ್ರೂಷೆಯ ಡಿಪ್ಲೊಮಾ ಬಂತು. ಮನೋವೈದ್ಯ, ಮನಃಶಾಸ್ತ್ರಜ್ಞ, ದಾದಿ, ಅನಂತರ ಸೇರಿಕೊಂಡ ಮನೋವೈದ್ಯಕೀಯ ಸಮಾಜ ಕಾರ್ಯಕರ್ತ, ಈ ನಾಲ್ವರೂ ಒಂದೇ ಆವರಣದಲ್ಲಿ ಕಲಿತು, ಒಬ್ಬನೇ ರೋಗಿಯ ಮುಂದೆ ಒಟ್ಟಿಗೆ ಕೂರುವ ಪದ್ಧತಿ ಬೆಳೆಯಿತು. ನರಶಸ್ತ್ರಚಿಕಿತ್ಸೆಯ ವಿಭಾಗವೂ 1950ರ ದಶಕದ ಕೊನೆಗೆ ಬಂದುದರಿಂದ ಮನಸ್ಸು, ಮಿದುಳು ಎರಡಕ್ಕೂ ಒಂದೇ ಕಡೆ ಚಿಕಿತ್ಸೆ ಸಿಗುವಂತಾಯಿತು.

ಇದೇ ದಶಕದಲ್ಲಿ ಕ್ಲೋರ್‌ಪ್ರೊಮಜಿನ್ ಮಾತ್ರೆ ಬಂತು. ವರ್ಷಗಟ್ಟಲೆ ಒಳಗಿರಬೇಕಾಗಿದ್ದ ಎಷ್ಟೋ ಸ್ಕಿಜೋಫ್ರೀನಿಯಾ ರೋಗಿಗಳು ಕೆಲವೇ ತಿಂಗಳಲ್ಲಿ ಮನೆಗೆ ಹೋಗುವ ಸ್ಥಿತಿಗೆ ಬಂದರು. ಹೊರರೋಗಿ ವಿಭಾಗ ದೊಡ್ಡದಾಗುತ್ತ ಹೋಯಿತು. 1960ರ ದಶಕದಲ್ಲಿ ನಿರ್ದೇಶಕರಾಗಿದ್ದ ಡಾ. ಎನ್.ಸಿ. ಸೂರ್ಯ, ಪಾಶ್ಚಾತ್ಯ ಮನೋವೈದ್ಯಕೀಯದ ಪರಿಭಾಷೆಯನ್ನು ಹಾಗೆಯೇ ತಂದು ಇಲ್ಲಿನ ರೋಗಿಗಳಿಗೆ ತೊಡಿಸುವುದನ್ನು ಕಟುವಾಗಿ ಪ್ರಶ್ನಿಸಿದರು. ಮುಂದೆ ಅವರು ಹುದ್ದೆ ಬಿಟ್ಟು ಪುದುಚೇರಿಯ ಅರವಿಂದಾಶ್ರಮ ಸೇರಿದರು. ಅವರು ಎತ್ತಿದ ಪ್ರಶ್ನೆ ಸಂಸ್ಥೆಯಲ್ಲಿ ಉಳಿಯಿತು.

ರಾಜ್ಯದ ಆಸ್ಪತ್ರೆ, ಕೇಂದ್ರದ ಬೋಧನಾ ಸಂಸ್ಥೆ ಎಂಬ ಎರಡು ಆಡಳಿತಗಳು ಒಂದೇ ಆವರಣದಲ್ಲಿ ಎರಡು ದಶಕ ನಡೆದವು. 1974ರ ಡಿಸೆಂಬರ್ 27ರಂದು ಎರಡೂ ಸೇರಿ ನಿಮ್ಹಾನ್ಸ್ ಎಂಬ ಸ್ವಾಯತ್ತ ಸಂಸ್ಥೆಯಾಯಿತು. ನರಶಸ್ತ್ರವೈದ್ಯ ಡಾ. ಆರ್.ಎಂ. ವರ್ಮ ಅದರ ಮೊದಲ ನಿರ್ದೇಶಕರು. 1994ರಲ್ಲಿ ಇದಕ್ಕೆ ಡೀಮ್ಡ್ ವಿಶ್ವವಿದ್ಯಾಲಯದ ಸ್ಥಾನ ಸಿಕ್ಕಿತು. 2012ರ ಕಾಯ್ದೆಯ ಮೂಲಕ ಸಂಸತ್ತು ಇದನ್ನು ರಾಷ್ಟ್ರೀಯ ಮಹತ್ವದ ಸಂಸ್ಥೆಯೆಂದು ಸಾರಿತು.

ಮನೆಯವರು ವಾರ್ಡಿಗೆ ಬಂದದ್ದು

ಪಶ್ಚಿಮದ ಮಾನಸಿಕ ಆಸ್ಪತ್ರೆಗಳಲ್ಲಿ ರೋಗಿ ಒಳಗೆ, ಬಂಧುಗಳು ಹೊರಗೆ ಎಂಬುದೇ ನಿಯಮವಾಗಿತ್ತು. ಭಾರತದಲ್ಲಿ ಇದನ್ನು ಮುರಿದವರಲ್ಲಿ ಮೊದಲಿಗರು ಅಮೃತಸರದ ಡಾ. ವಿದ್ಯಾಸಾಗರ್. 1950ರ ದಶಕದಲ್ಲಿ ಅವರು ಆಸ್ಪತ್ರೆಯ ಆವರಣದಲ್ಲಿ ಡೇರೆ ಹಾಕಿಸಿ, ರೋಗಿಯ ಜೊತೆ ಮನೆಯವರನ್ನೂ ಉಳಿಸಿಕೊಂಡರು. ಬೆಂಗಳೂರಿನಲ್ಲೂ ಕುಟುಂಬ ವಾರ್ಡು ಬಂತು. 1970ರ ದಶಕದಲ್ಲಿ ಕುಟುಂಬ ಮನೋವೈದ್ಯಕೀಯಕ್ಕೆಂದೇ ಕೇಂದ್ರವಾಯಿತು.

ಇದರ ಹಿಂದೆ ಅನುಕೂಲದ ಲೆಕ್ಕವೂ ಇತ್ತು, ತಿಳಿವಳಿಕೆಯೂ ಇತ್ತು. ದಾದಿಯರು ಕಡಿಮೆ ಇದ್ದಲ್ಲಿ ಮನೆಯವರೇ ಊಟ ಮಾಡಿಸುವವರು, ಮಾತ್ರೆ ಕೊಡುವವರು. ಜೊತೆಗಿರುವ ತಾಯಿ ಅಥವಾ ತಮ್ಮ ರೋಗದ ಲಕ್ಷಣಗಳನ್ನು ಕಣ್ಣಾರೆ ನೋಡುತ್ತಾರೆ. ಔಷಧಿ ನಿಲ್ಲಿಸಿದರೆ ಏನಾಗುತ್ತದೆಂದು ವೈದ್ಯರಿಂದ ಕೇಳುತ್ತಾರೆ. ಪಕ್ಕದ ಮಂಚದ ರೋಗಿಯ ಮನೆಯವರೊಡನೆ ಮಾತಾಡುವಾಗ ಈ ಕಷ್ಟ ತಮಗೊಬ್ಬರಿಗೇ ಬಂದದ್ದಲ್ಲ ಎಂಬ ಧೈರ್ಯ ಬರುತ್ತದೆ. ರೋಗಿಯನ್ನು ಆಸ್ಪತ್ರೆಯಲ್ಲಿ ಬಿಟ್ಟು ಮರೆತುಬಿಡುವ ಸಂಭವವೂ ಇದರಿಂದ ಕಡಿಮೆಯಾಯಿತು.

ಇದೇ ನೆಲೆಯ ಮುಂದುವರಿಕೆ 2009ರಲ್ಲಿ ಆರಂಭವಾದ ತಾಯಿ-ಮಗು ಘಟಕ. ಹೆರಿಗೆಯ ನಂತರ ಕೆಲವು ದಿನಗಳಲ್ಲೇ ನಿದ್ದೆಗೆಟ್ಟು, ಅನುಮಾನ, ಭಯ, ಅಸಂಬದ್ಧ ಮಾತು ಶುರುವಾಗುವ ಕಾಯಿಲೆಯನ್ನು ಹಳ್ಳಿಗಳಲ್ಲಿ ಬಾಣಂತಿ ಸನ್ನಿ ಎನ್ನುತ್ತಾರೆ. ಮೊದಲು ಇಂಥ ಬಾಣಂತಿಯನ್ನು ದಾಖಲಿಸಿದರೆ ಕೂಸು ಮನೆಯಲ್ಲಿ ಉಳಿಯುತ್ತಿತ್ತು, ಹಾಲು ಬತ್ತುತ್ತಿತ್ತು. ಈ ಘಟಕದಲ್ಲಿ ತಾಯಿಯ ಜೊತೆ ಕೂಸೂ ಇರುತ್ತದೆ, ಹಿರಿಯ ಹೆಂಗಸೊಬ್ಬರೂ ಇರುತ್ತಾರೆ. ಎದೆಹಾಲಿಗೆ ತೊಂದರೆಯಾಗದಂಥ ಔಷಧಿ ಆರಿಸುತ್ತಾರೆ. ತಾಯಿ ಮಗುವನ್ನು ಎತ್ತಿಕೊಳ್ಳುವುದು, ಹಾಲೂಡಿಸುವುದು ಎಲ್ಲಕ್ಕೂ ಮೊದಮೊದಲು ದಾದಿ ಪಕ್ಕದಲ್ಲಿರುತ್ತಾರೆ, ಸ್ಥಿತಿ ಸುಧಾರಿಸಿದಂತೆ ಹಿಂದೆ ಸರಿಯುತ್ತಾರೆ.

ಸಕಲವಾರ, ಸೋಲೂರು, ಬಳ್ಳಾರಿ

ಆಸ್ಪತ್ರೆ ಎಷ್ಟೇ ದೊಡ್ಡದಾದರೂ ಹಳ್ಳಿಯ ರೋಗಿ ಅಲ್ಲಿಗೆ ತಲುಪುವುದು ಕಷ್ಟ. 1975ರಲ್ಲಿ ನಿಮ್ಹಾನ್ಸ್‌ನಲ್ಲಿ ಸಮುದಾಯ ಮನೋವೈದ್ಯಕೀಯ ಘಟಕ ಆರಂಭವಾಯಿತು. ಡಾ. ಆರ್.ಎಲ್. ಕಪೂರ್ ಇದರ ಮುಂದಾಳು. ಅವರು ಅದಕ್ಕೂ ಮೊದಲು ಮಾರಿಸ್ ಕಾರ್‌ಸ್ಟೇರ್ಸ್ ಜೊತೆ ಆಗ ದಕ್ಷಿಣ ಕನ್ನಡ ಜಿಲ್ಲೆಯಲ್ಲಿದ್ದ ಕೋಟದಲ್ಲಿ ಮನೆಮನೆ ಸುತ್ತಿ, ಮಾನಸಿಕ ಯಾತನೆಯನ್ನೂ ಸಾಮಾಜಿಕ ಬದಲಾವಣೆಯನ್ನೂ ಒಟ್ಟಿಗೆ ಅಧ್ಯಯನ ಮಾಡಿದ್ದರು. ಆನೇಕಲ್ ತಾಲ್ಲೂಕಿನ ಸಕಲವಾರದಲ್ಲಿ ಗ್ರಾಮೀಣ ಕೇಂದ್ರ ತೆರೆಯಿತು. ಪ್ರಾಥಮಿಕ ಆರೋಗ್ಯ ಕೇಂದ್ರದ ವೈದ್ಯರಿಗೂ ಆರೋಗ್ಯ ಕಾರ್ಯಕರ್ತರಿಗೂ ಅಲ್ಲಿ ಅಲ್ಪಾವಧಿಯ ತರಬೇತಿ ಕೊಡಲಾಯಿತು. ಸೋಲೂರಿನ ಪ್ರಾಥಮಿಕ ಆರೋಗ್ಯ ಕೇಂದ್ರದಲ್ಲಿ ಇದನ್ನು ಪರೀಕ್ಷಿಸಿ ನೋಡಿದರು. 1982ರಲ್ಲಿ ರಾಷ್ಟ್ರೀಯ ಮಾನಸಿಕ ಆರೋಗ್ಯ ಕಾರ್ಯಕ್ರಮ ಬಂತು. ಅದನ್ನು ಜಿಲ್ಲೆಯ ಮಟ್ಟದಲ್ಲಿ ನಡೆಸುವುದು ಹೇಗೆಂಬುದಕ್ಕೆ 1985ರಿಂದ 1990ರವರೆಗೆ ಬಳ್ಳಾರಿ ಪ್ರಯೋಗಶಾಲೆಯಾಯಿತು.

ಬಳ್ಳಾರಿಯ ಏರ್ಪಾಡು ಸರಳವಾಗಿತ್ತು. ಜಿಲ್ಲೆಯ ಜನಸಂಖ್ಯೆ ಆಗ 20 ಲಕ್ಷದ ಆಸುಪಾಸು. ಜಿಲ್ಲಾ ಕೇಂದ್ರದಲ್ಲಿ ಮನೋವೈದ್ಯರ ತಂಡ. ತಾಲ್ಲೂಕು ಮತ್ತು ಹಳ್ಳಿಗಳಲ್ಲಿ ತರಬೇತಾದ ಸಾಮಾನ್ಯ ವೈದ್ಯರು. ಔಷಧಿಗಳು ಆರೇ ಆರು: ಭ್ರಮೆಯ ಕಾಯಿಲೆಗೆ ಕ್ಲೋರ್‌ಪ್ರೊಮಜಿನ್ ಮಾತ್ರೆ ಹಾಗೂ ಫ್ಲೂಫೆನಜಿನ್ ಚುಚ್ಚುಮದ್ದು, ಇವುಗಳಿಂದಾಗುವ ಕೈನಡುಕ, ಬಿಗಿತಕ್ಕೆ ಟ್ರೈಹೆಕ್ಸಿಫೆನಿಡಿಲ್, ಖಿನ್ನತೆಗೆ ಅಮಿಟ್ರಿಪ್ಟಿಲಿನ್, ಮೂರ್ಛೆರೋಗಕ್ಕೆ ಫೀನೋಬಾರ್ಬಿಟೋನ್ ಮತ್ತು ಫೆನಿಟೊಯಿನ್. ಮಾತ್ರೆ ನುಂಗಲು ಒಪ್ಪದ ರೋಗಿಗೆ ವಾರಗಟ್ಟಲೆ ಕೆಲಸ ಮಾಡುವ ಚುಚ್ಚುಮದ್ದು ದೊಡ್ಡ ಅನುಕೂಲವಾಯಿತು. ಮೂರ್ಛೆರೋಗ ಮನೋರೋಗವಲ್ಲದಿದ್ದರೂ ಪಟ್ಟಿಯಲ್ಲಿತ್ತು. ಊರಿನ ಕಣ್ಣಿಗೆ ಎರಡೂ ಒಂದೇ ಬಗೆಯ ಕಳಂಕ, ಎರಡಕ್ಕೂ ನಿತ್ಯದ ಮಾತ್ರೆಯೇ ಪರಿಹಾರ. 1996ರಲ್ಲಿ ಕೇಂದ್ರ ಸರ್ಕಾರ ಆರಂಭಿಸಿದ ಜಿಲ್ಲಾ ಮಾನಸಿಕ ಆರೋಗ್ಯ ಕಾರ್ಯಕ್ರಮ ಈ ಮಾದರಿಯನ್ನೇ ಅನುಸರಿಸಿತು. ಈಗ ಅದು ದೇಶದ ಬಹುತೇಕ ಜಿಲ್ಲೆಗಳಲ್ಲಿದೆ.

ಮುಂದೆ ತೀರ್ಥಹಳ್ಳಿ, ತುರುವೇಕೆರೆ ತಾಲ್ಲೂಕುಗಳಲ್ಲಿ ಸ್ಕಿಜೋಫ್ರೀನಿಯಾ ಇದ್ದವರನ್ನು ಮನೆಮನೆಯಲ್ಲಿ ಗುರುತಿಸಿ, ಅಲ್ಲಿಯೇ ಚಿಕಿತ್ಸೆ ಕೊಟ್ಟು, ವರ್ಷಗಳ ಕಾಲ ಬೆನ್ನುಹತ್ತಿ ನೋಡುವ ಅಧ್ಯಯನಗಳು ನಡೆದವು. ತಾಲ್ಲೂಕು ಆಸ್ಪತ್ರೆಗಳಲ್ಲಿ ಮಂಗಳವಾರ ಮನೋವೈದ್ಯರು ಕೂರುವ ಮನೋಚೈತನ್ಯ ಕಾರ್ಯಕ್ರಮವನ್ನು ರಾಜ್ಯ ಸರ್ಕಾರ ನಡೆಸುತ್ತಿದೆ. ತಿಳಿವಳಿಕೆ ಹರಡುವ ಕೆಲಸದಲ್ಲಿ ನಿಮ್ಹಾನ್ಸ್‌ನ ಪ್ರಾಧ್ಯಾಪಕರಾಗಿದ್ದ ಡಾ. ಸಿ.ಆರ್. ಚಂದ್ರಶೇಖರ್ ಅವರ ಕನ್ನಡ ಪುಸ್ತಕಗಳೂ ಪತ್ರಿಕಾ ಅಂಕಣಗಳೂ ಬಹಳ ದೂರ ತಲುಪಿವೆ.

ಕಾನೂನಿನ ಕಣ್ಣಲ್ಲಿ

1912ರ ಕಾಯ್ದೆ ಸುಮಾರು ಎಂಬತ್ತು ವರ್ಷ ಜಾರಿಯಲ್ಲಿತ್ತು. ಅದರ ಜಾಗಕ್ಕೆ ಬಂದ 1987ರ ಮಾನಸಿಕ ಆರೋಗ್ಯ ಕಾಯ್ದೆ 1993ರಲ್ಲಷ್ಟೇ ಜಾರಿಯಾಯಿತು. ರಾಷ್ಟ್ರೀಯ ಮಾನವ ಹಕ್ಕುಗಳ ಆಯೋಗದ ಕೋರಿಕೆಯಂತೆ ನಿಮ್ಹಾನ್ಸ್ ತಂಡ ದೇಶದ ಮಾನಸಿಕ ಆಸ್ಪತ್ರೆಗಳನ್ನು ಸುತ್ತಿ ನೋಡಿ ಸಿದ್ಧಪಡಿಸಿದ ವರದಿ 1999ರಲ್ಲಿ ಹೊರಬಂತು. ಕಿರುಕೋಣೆಗಳು, ಎತ್ತರದ ಗೋಡೆಗಳು, ಸಾಲದ ನೀರು ಮತ್ತು ಶೌಚಾಲಯ ಹಲವೆಡೆ ಉಳಿದಿದ್ದವು. 2001ರ ಆಗಸ್ಟ್‌ನಲ್ಲಿ ತಮಿಳುನಾಡಿನ ಏರವಾಡಿಯ ದರ್ಗಾದ ಬಳಿ, ಸರಪಳಿಯಲ್ಲಿ ಕಟ್ಟಿಹಾಕಿದ್ದ 28 ರೋಗಿಗಳು ಬೆಂಕಿಗೆ ಬಲಿಯಾದ ಮೇಲೆ ಸುಪ್ರೀಂ ಕೋರ್ಟ್ ಈ ವಿಷಯವನ್ನು ಕೈಗೆತ್ತಿಕೊಂಡಿತು. ಧಾರವಾಡದ ಆಸ್ಪತ್ರೆ 2009ರಲ್ಲಿ ನಿಮ್ಹಾನ್ಸ್ ಮಾದರಿಯ ಬೋಧನಾ ಸಂಸ್ಥೆಯಾಗಿ, ಡಿಮ್ಹಾನ್ಸ್ ಎಂಬ ಹೆಸರು ಪಡೆಯಿತು.

2018ರ ಮೇ ತಿಂಗಳಲ್ಲಿ ಜಾರಿಗೆ ಬಂದ 2017ರ ಮಾನಸಿಕ ಆರೋಗ್ಯ ಆರೈಕೆ ಕಾಯ್ದೆ ಚಿಕಿತ್ಸೆಯನ್ನು ಹಕ್ಕೆಂದು ಹೇಳುತ್ತದೆ. ತನಗೆ ಯಾವ ಚಿಕಿತ್ಸೆ ಬೇಕು, ಯಾವುದು ಬೇಡ ಎಂದು ರೋಗಿ ಮೊದಲೇ ಬರೆದಿಡಬಹುದು. ತನ್ನ ಪರವಾಗಿ ಮಾತಾಡುವವರನ್ನು ನೇಮಿಸಬಹುದು. ಅರಿವಳಿಕೆ ಇಲ್ಲದೆ ವಿದ್ಯುತ್ ಚಿಕಿತ್ಸೆ ಕೊಡುವುದು, ಸರಪಳಿ ಹಾಕುವುದು ನಿಷಿದ್ಧ. ಆತ್ಮಹತ್ಯೆಗೆ ಯತ್ನಿಸಿದವರು ತೀವ್ರ ಒತ್ತಡದಲ್ಲಿದ್ದರೆಂದು ಭಾವಿಸಿ, ಶಿಕ್ಷೆಯ ಬದಲು ಆರೈಕೆ ಕೊಡಬೇಕು. ಒಳ್ಳೆಯ ಅಂಶಗಳಿದ್ದರೂ, ಇದು ವ್ಯಕ್ತಿಯನ್ನು ಕೇಂದ್ರದಲ್ಲಿಟ್ಟು ಆರೈಕೆಯ ಭಾರ ಹೊತ್ತ ಕುಟುಂಬವನ್ನು ಬದಿಗಿಟ್ಟಿದೆ ಎಂಬ ಆಕ್ಷೇಪ ಮನೋವೈದ್ಯರ ವಲಯದಲ್ಲಿದೆ.

ಇಂದಿನ ಸ್ಥಿತಿ

ಇಂದಿನ ನಿಮ್ಹಾನ್ಸ್‌ಗೆ ಕರ್ನಾಟಕ, ಆಂಧ್ರ, ತಮಿಳುನಾಡು, ಕೇರಳದಿಂದಷ್ಟೇ ಅಲ್ಲದೆ ಪಶ್ಚಿಮ ಬಂಗಾಳ, ಈಶಾನ್ಯ ರಾಜ್ಯಗಳಿಂದಲೂ ರೋಗಿಗಳು ಬರುತ್ತಾರೆ. ಮನೋರೋಗಿಗಳಷ್ಟೇ ದೊಡ್ಡ ಸಂಖ್ಯೆಯಲ್ಲಿ ಪಾರ್ಶ್ವವಾಯು, ಮೂರ್ಛೆರೋಗ, ಮಿದುಳಿನ ಗಡ್ಡೆ, ರಸ್ತೆ ಅಪಘಾತದ ತಲೆಪೆಟ್ಟಿನವರೂ ಇರುತ್ತಾರೆ. ಬಿಪಿಎಲ್ ಕಾರ್ಡಿನವರಿಗೆ ಶುಲ್ಕದಲ್ಲಿ ರಿಯಾಯಿತಿ ಇದೆ. ಮಕ್ಕಳ ಮನೋವೈದ್ಯಕೀಯ, ವ್ಯಸನ ಚಿಕಿತ್ಸೆ, ವೃದ್ಧರ ಮಾನಸಿಕ ಆರೋಗ್ಯ, ಯೋಗ, ಹೀಗೆ ಬೇರೆ ಬೇರೆ ವಿಭಾಗಗಳಿವೆ. ಮೊಬೈಲು, ಇಂಟರ್ನೆಟ್ಟಿನ ಗೀಳಿಗಾಗಿ 2014ರಲ್ಲಿ ಶಟ್ ಎಂಬ ಕ್ಲಿನಿಕ್ ತೆರೆಯಿತು. 1995ರಿಂದ ಇರುವ ಮಿದುಳು ಸಂಗ್ರಹಾಲಯ ಸಂಶೋಧಕರಿಗೆ ನೆರವಾಗುತ್ತಿದೆ; ಅದರ ವಸ್ತುಪ್ರದರ್ಶನದಲ್ಲಿ ಸಾರ್ವಜನಿಕರು ನಿಜವಾದ ಮಿದುಳನ್ನು ನೋಡಬಹುದು.

ಪುನರ್ವಸತಿ ವಿಭಾಗದಲ್ಲಿ ಬೇಕರಿ, ಮುದ್ರಣ, ಬಡಗಿ ಕೆಲಸ, ಕರಕುಶಲ ವಸ್ತುಗಳ ತಯಾರಿಕೆ ನಡೆಯುತ್ತದೆ. ಬೆಳಿಗ್ಗೆ ಹೊತ್ತಿಗೆ ಸರಿಯಾಗಿ ಬರುವುದು, ಹಿಟ್ಟು ತೂಗಿ ಕಲಸುವುದು, ಪಕ್ಕದವರೊಡನೆ ಹೊಂದಿಕೊಂಡು ಕೆಲಸ ಮುಗಿಸುವುದು, ಕಾಯಿಲೆಯಲ್ಲಿ ಕಳೆದುಹೋದ ಈ ಅಭ್ಯಾಸಗಳನ್ನು ಮರಳಿ ಕಲಿಯುವುದೇ ಇಲ್ಲಿನ ಉದ್ದೇಶ. ಅಲ್ಲಿ ತಯಾರಾದ ಬ್ರೆಡ್ಡು, ಬಿಸ್ಕತ್ತು ಮಾರಾಟವಾಗುತ್ತವೆ.

2015–16ರಲ್ಲಿ 12 ರಾಜ್ಯಗಳಲ್ಲಿ ನಿಮ್ಹಾನ್ಸ್ ನಡೆಸಿದ ರಾಷ್ಟ್ರೀಯ ಮಾನಸಿಕ ಆರೋಗ್ಯ ಸಮೀಕ್ಷೆಯ ಪ್ರಕಾರ ವಯಸ್ಕರಲ್ಲಿ ಶೇ 10.6ರಷ್ಟು ಜನರಿಗೆ ಒಂದಲ್ಲ ಒಂದು ಮಾನಸಿಕ ಕಾಯಿಲೆ ಇದೆ. ಕಾಯಿಲೆಗೆ ಅನುಗುಣವಾಗಿ ಶೇ 70ರಿಂದ 92ರಷ್ಟು ಜನ ಚಿಕಿತ್ಸೆಯಿಂದ ಹೊರಗಿದ್ದಾರೆ. ದೇಶದಲ್ಲಿ ಲಕ್ಷ ಜನರಿಗೆ ಒಬ್ಬ ಮನೋವೈದ್ಯರೂ ಇಲ್ಲ. 2022ರ ಅಕ್ಟೋಬರ್ 10ರಂದು ಆರಂಭವಾದ ಟೆಲಿ ಮಾನಸ್ ಸಹಾಯವಾಣಿ (14416) ಈ ಅಂತರವನ್ನು ತುಂಬುವ ಒಂದು ಯತ್ನ. ಅದರ ಕೇಂದ್ರ ನಿಮ್ಹಾನ್ಸ್. ತಾಂತ್ರಿಕ ನೆರವು ಬೆಂಗಳೂರಿನ ಐಐಐಟಿಯದು. ಆರೋಗ್ಯ ಸಂವರ್ಧನೆಯ ಕೆಲಸಕ್ಕಾಗಿ ವಿಶ್ವ ಆರೋಗ್ಯ ಸಂಸ್ಥೆಯ ನೆಲ್ಸನ್ ಮಂಡೇಲಾ ಪ್ರಶಸ್ತಿ 2024ರಲ್ಲಿ ಸಂಸ್ಥೆಗೆ ಸಂದಿತು.

ಹಳೆಯ ದಾರಿಗಳು ಇನ್ನೂ ಇವೆ. ದೇವಸ್ಥಾನ, ದರ್ಗಾ, ಮಂತ್ರವಾದಿಯ ಬಳಿ ಹೋದ ಮೇಲೆಯೇ ಆಸ್ಪತ್ರೆಗೆ ಬರುವವರು ಬಹಳ. ನಿಮ್ಹಾನ್ಸ್ ವೈದ್ಯರು ತಮಿಳುನಾಡಿನ ಒಂದು ದೇವಸ್ಥಾನದಲ್ಲಿ ಉಳಿದಿದ್ದ ರೋಗಿಗಳನ್ನು ಅಧ್ಯಯನ ಮಾಡಿ, ಔಷಧಿಯಿಲ್ಲದೆಯೂ ಅವರ ಲಕ್ಷಣಗಳು ಸುಮಾರು ಶೇ 20ರಷ್ಟು ತಗ್ಗಿದ್ದನ್ನು 2002ರಲ್ಲಿ ಬ್ರಿಟಿಷ್ ಮೆಡಿಕಲ್ ಜರ್ನಲ್‌ನಲ್ಲಿ ಪ್ರಕಟಿಸಿದರು. ಬೆದರಿಕೆಯಿಲ್ಲದ, ಅಕ್ಕರೆಯ ವಾತಾವರಣ ಅದಕ್ಕೆ ಕಾರಣವಿರಬಹುದೆಂಬುದು ಅವರ ಊಹೆ. ಬೆಂಗಳೂರಿನಲ್ಲೇ ಎಲ್ಲವೂ ಸಿಗಬೇಕೆಂಬ ಒತ್ತಡ ತಗ್ಗಬೇಕಾದರೆ ಜಿಲ್ಲಾ, ತಾಲ್ಲೂಕು ಆಸ್ಪತ್ರೆಗಳಲ್ಲಿ ಮನೋವೈದ್ಯರ ಹುದ್ದೆಗಳು ಭರ್ತಿಯಾಗಬೇಕು, ಔಷಧಿ ತಪ್ಪದೆ ಸಿಗಬೇಕು, ಗುಣಮುಖರಾಗಿಯೂ ಮನೆಯವರು ಕರೆದೊಯ್ಯದವರಿಗೆ ಇರಲು ನೆಲೆ ಬೇಕು. ತರಬೇತಿ, ಮಾದರಿ, ಸಮೀಕ್ಷೆ ಮೂರನ್ನೂ ನಿಮ್ಹಾನ್ಸ್ ಒದಗಿಸಿದೆ. ಅವನ್ನು ಊರೂರಲ್ಲಿ ನಡೆಸುವ ಹೊಣೆ ರಾಜ್ಯಗಳ ಆರೋಗ್ಯ ಇಲಾಖೆಗಳದ್ದು.